ಗುಂಪಿಗೆ ಆಟದ ಬಾಟ್ ಸೇರಿಸುವ ಮುನ್ನ: ಯುವಕರೂ ಹಿರಿಯರೂ ತಿಳಿಯಬೇಕಾದ ಸಂಗತಿಗಳು

2025ರ ಸೆಪ್ಟೆಂಬರ್ ತಿಂಗಳಲ್ಲಿ ನೇಪಾಳದಲ್ಲಿ ನಡೆದ ಘಟನೆಗಳಿಂದಾಗಿ ಡಿಸ್ಕಾರ್ಡ್ ಎಂಬ ಹೆಸರು ಅನೇಕ ಹಿರಿಯರ ಕಿವಿಗೆ ಮೊದಲ ಬಾರಿಗೆ ಬಿದ್ದಿತು. ಸಾಮಾಜಿಕ ಜಾಲತಾಣಗಳ ಮೇಲೆ ಸರ್ಕಾರ ಹೇರಿದ ನಿರ್ಬಂಧ ಮತ್ತು ಭ್ರಷ್ಟಾಚಾರದ ಬಗೆಗಿನ ಸಿಟ್ಟು ಎರಡೂ ಸೇರಿ ಸೆಪ್ಟೆಂಬರ್ 8ರಂದು ಅಲ್ಲಿನ ಯುವಜನರು ಬೀದಿಗಿಳಿದರು. ಮರುದಿನವೇ ಪ್ರಧಾನಿ ಕೆ.ಪಿ. ಶರ್ಮಾ ಓಲಿ ರಾಜೀನಾಮೆ ನೀಡಿದರು. ಮುಂದಿನ ಪ್ರಧಾನಿ ಯಾರಾಗಬೇಕೆಂಬ ಚರ್ಚೆಯನ್ನೂ ಮತದಾನವನ್ನೂ ಯುವಜನರು ನಡೆಸಿದ್ದು ಡಿಸ್ಕಾರ್ಡ್‌ನ ಗುಂಪಿನಲ್ಲಿ. ಅಲ್ಲಿ ಮುಂದೆ ಬಂದ ಹೆಸರು ಮಾಜಿ ಮುಖ್ಯ ನ್ಯಾಯಮೂರ್ತಿ ಸುಶೀಲಾ ಕರ್ಕಿ ಅವರದು. ಸೆಪ್ಟೆಂಬರ್ 12ರಂದು ಅವರು ಮಧ್ಯಂತರ ಸರ್ಕಾರದ ಪ್ರಧಾನಿಯಾಗಿ ಪ್ರಮಾಣವಚನ ಸ್ವೀಕರಿಸಿದರು.

ಈ ಡಿಸ್ಕಾರ್ಡ್ 2015ರಲ್ಲಿ ಅಮೆರಿಕದಲ್ಲಿ ಆರಂಭವಾದದ್ದು ಬೇರೆಯೇ ಕೆಲಸಕ್ಕೆ. ಕಂಪ್ಯೂಟರಿನಲ್ಲಿ ಆಟ ಆಡುವವರು ಆಡುತ್ತಲೇ ಪರಸ್ಪರ ಮಾತನಾಡಿಕೊಳ್ಳಲಿ ಎಂಬುದಷ್ಟೇ ಅದರ ಉದ್ದೇಶವಾಗಿತ್ತು. ಈಗ ಕಾಲೇಜಿನ ತರಗತಿ, ಪರೀಕ್ಷೆಯ ತಯಾರಿ, ಸಾಫ್ಟ್‌ವೇರ್ ಕಲಿಕೆ, ಹವ್ಯಾಸಿ ಸಂಘ ಎಲ್ಲವೂ ಅಲ್ಲಿ ಗುಂಪು ಕಟ್ಟಿಕೊಳ್ಳುತ್ತಿವೆ. ಬಸದಿಯ ಅಭಿಷೇಕದ ಸಮಯ, ಮದುವೆಯ ಆಮಂತ್ರಣ, ಮುನಿಗಳ ವಿಹಾರದ ಸುದ್ದಿ ಹಿರಿಯರ ವಾಟ್ಸ್‌ಆ್ಯಪ್‌ನಲ್ಲಿ ಓಡಾಡುತ್ತಿದ್ದರೆ, ಅದೇ ಮನೆಯ ಹಾಸ್ಟೆಲ್‌ನಲ್ಲಿರುವ ಮಕ್ಕಳು ಡಿಸ್ಕಾರ್ಡ್‌ನಲ್ಲೋ ಟೆಲಿಗ್ರಾಂನಲ್ಲೋ ಇರುವುದು ಇಂದು ಸಾಮಾನ್ಯ.

ಇಂಥ ಗುಂಪುಗಳಿಗೆಲ್ಲ ಒಂದು ಕಾಯಿಲೆ ಇದೆ. ಮೊದಲ ತಿಂಗಳು ಉತ್ಸಾಹ, ಎರಡನೆಯ ತಿಂಗಳು ಶುಭೋದಯ ಸಂದೇಶ, ಮೂರನೆಯ ತಿಂಗಳು ಮೌನ. ಆಗ ಯಾರಾದರೊಬ್ಬ ಹುಡುಗ ಸಲಹೆ ಕೊಡುತ್ತಾನೆ: ‘ಒಂದು ಗೇಮ್ ಬಾಟ್ ಹಾಕೋಣ, ಗ್ರೂಪ್ ಎದ್ದು ಕೂರುತ್ತೆ.’ ಹಾಕುವುದಕ್ಕೆ ಎರಡು ನಿಮಿಷ ಸಾಕು. ಹಾಕಿದ್ದರಿಂದ ಏನೇನಾಗುತ್ತದೆ ಎಂಬುದನ್ನು ಮಾತ್ರ ಆ ಎರಡು ನಿಮಿಷದಲ್ಲಿ ಯಾರೂ ಯೋಚಿಸುವುದಿಲ್ಲ.

ಬಾಟ್ ಎಂದರೇನು?

ಡಿಸ್ಕಾರ್ಡ್‌ನಲ್ಲಿ ಒಂದು ಗುಂಪಿಗೆ ‘ಸರ್ವರ್’ ಎನ್ನುತ್ತಾರೆ. ಅದನ್ನು ಒಂದು ಛತ್ರವೆಂದು ಭಾವಿಸಬಹುದು. ಛತ್ರದಲ್ಲಿ ಹಲವು ಕೋಣೆಗಳಿರುವಂತೆ ಸರ್ವರ್‌ನಲ್ಲಿ ಹಲವು ‘ಚಾನೆಲ್’ಗಳಿರುತ್ತವೆ. ಒಂದು ಪ್ರಕಟಣೆಗೆ, ಒಂದು ಹರಟೆಗೆ, ಒಂದು ಧ್ವನಿಯಲ್ಲಿ ಮಾತನಾಡಲು. ಯಾವ ಕೋಣೆಗೆ ಯಾರು ಹೋಗಬಹುದು, ಯಾರು ಮಾತನಾಡಬಹುದು, ಯಾರು ಬೇರೆಯವರ ಸಂದೇಶವನ್ನು ಅಳಿಸಬಹುದು ಎಂಬುದನ್ನೆಲ್ಲ ಸರ್ವರ್‌ನ ಯಜಮಾನ ನಿರ್ಧರಿಸುತ್ತಾನೆ.

ಬಾಟ್ ಎಂದರೆ ಈ ಛತ್ರದೊಳಗೆ ಸದಸ್ಯನಂತೆ ಬಂದು ಕೂರುವ ಒಂದು ಗಣಕ ಪ್ರೋಗ್ರಾಂ. ಅದಕ್ಕೆ ಹೆಸರಿರುತ್ತದೆ, ಚಿತ್ರವಿರುತ್ತದೆ, ಸದಸ್ಯರ ಪಟ್ಟಿಯಲ್ಲಿ ಸ್ಥಾನವಿರುತ್ತದೆ. ಓರೆಗೆರೆ ಹಾಕಿ ಒಂದು ಆಜ್ಞೆಯನ್ನು ಬರೆದರೆ ಅದು ಉತ್ತರಿಸುತ್ತದೆ. ರಸಪ್ರಶ್ನೆ ಕೇಳು ಎಂದರೆ ಕೇಳುತ್ತದೆ, ದಾಳ ಉರುಳಿಸು ಎಂದರೆ ಉರುಳಿಸುತ್ತದೆ. ಅದನ್ನು ಬರೆದವರು ಬೇರೆ ಎಲ್ಲೋ ಇರುತ್ತಾರೆ, ಅದು ಓಡುವ ಯಂತ್ರವೂ ಬೇರೆ ಎಲ್ಲೋ ಇರುತ್ತದೆ. ಹೆಚ್ಚಿನ ಬಾಟ್‌ಗಳು ಡಿಸ್ಕಾರ್ಡ್ ಕಂಪನಿಯವಲ್ಲ, ಹೊರಗಿನವರದು. ಈ ಮಾತು ನೆನಪಿನಲ್ಲಿರಬೇಕು, ಏಕೆಂದರೆ ಮುಂದಿನ ಬಹುಪಾಲು ವಿಷಯ ಇದರ ಮೇಲೆಯೇ ನಿಂತಿದೆ.

ಎಲ್ಲ ಬಾಟ್‌ಗಳೂ ಒಂದೇ ಅಲ್ಲ

ಆಟದ ಬಾಟ್‌ಗಳನ್ನೆಲ್ಲ ಒಂದೇ ತಕ್ಕಡಿಯಲ್ಲಿ ತೂಗುವುದು ಸರಿಯಲ್ಲ. ಸ್ಥೂಲವಾಗಿ ನಾಲ್ಕು ಬಗೆಯಾಗಿ ವಿಂಗಡಿಸಬಹುದು.

ಮೊದಲನೆಯದು ರಸಪ್ರಶ್ನೆ, ಪದಬಂಧ, ಚದುರಂಗದಂಥ ಆಟಗಳನ್ನು ಆಡಿಸುವವು. ಆಟ ಮುಗಿದರೆ ಮುಗಿಯಿತು. ಗೆದ್ದವನಿಗೆ ಒಂದು ಚಪ್ಪಾಳೆ, ಸೋತವನಿಗೆ ಒಂದು ಪಾಠ.

ಎರಡನೆಯದು ‘ಮಟ್ಟ’ ಕೊಡುವವು. ಸದಸ್ಯ ಸಂದೇಶ ಕಳುಹಿಸಿದಂತೆ ಅಂಕ ಸೇರಿ ಅವನ ಮಟ್ಟ ಏರುತ್ತದೆ. ಮೀ ಸಿಕ್ಸ್ ಎಂಬ ಪ್ರಸಿದ್ಧ ಬಾಟ್‌ನಲ್ಲಿ ಈ ಸೌಲಭ್ಯವಿದೆ. ಗುಂಪು ಗದ್ದಲವಾಗುವುದೇನೋ ನಿಜ. ಆದರೆ ಅಂಕಕ್ಕಾಗಿ ಬರೆದ ಮಾತಿಗೂ ಹೇಳಬೇಕೆನಿಸಿ ಬರೆದ ಮಾತಿಗೂ ವ್ಯತ್ಯಾಸವಿದೆ.

ಮೂರನೆಯದು ಸಂಗ್ರಹದ ಆಟಗಳು. ಪೋಕೆಟೂ ಎಂಬುದರಲ್ಲಿ ಕಾರ್ಟೂನ್ ಪ್ರಾಣಿಗಳನ್ನು ಹಿಡಿದು ಸೇರಿಸಬೇಕು, ಮುಡೇ ಎಂಬುದರಲ್ಲಿ ಕಥೆಗಳ ಪಾತ್ರಗಳನ್ನು ಸೇರಿಸಬೇಕು. ಯಾವಾಗ ಅಪರೂಪದ್ದು ಬರುತ್ತದೋ ತಿಳಿಯದು, ಆದ್ದರಿಂದ ಮತ್ತೆ ಮತ್ತೆ ಬಂದು ನೋಡಬೇಕು.

ನಾಲ್ಕನೆಯದು ನಾಣ್ಯದ ಆಟಗಳು. ಡ್ಯಾಂಕ್ ಮೀಮರ್, ಓವೋ ಮೊದಲಾದ ಬಾಟ್‌ಗಳು ಗುಂಪಿನೊಳಗೆ ಒಂದು ಸುಳ್ಳು ಪೇಟೆಯನ್ನೇ ತೆರೆಯುತ್ತವೆ. ಆಜ್ಞೆ ಕೊಟ್ಟು ಬೇಟೆಯಾಡಿದರೆ, ಮೀನು ಹಿಡಿದರೆ ಪ್ರತಿಫಲ. ಸಿಕ್ಕ ನಾಣ್ಯವನ್ನು ಪಣಕ್ಕಿಟ್ಟು ಅದೃಷ್ಟ ಪರೀಕ್ಷಿಸುವ ಆಟಗಳೂ ಇವೆ. ಇಸ್ಪೀಟು, ಚಕ್ರ, ನಾಣ್ಯ ಚಿಮ್ಮುವುದು ಇತ್ಯಾದಿ ಜೂಜುಕಟ್ಟೆಯ ಆಟಗಳನ್ನು ಆಡಿಸಲೆಂದೇ ಹುಟ್ಟಿದ ಬಾಟ್‌ಗಳೂ ಉಂಟು. ನಾಣ್ಯ ನಿಜವಲ್ಲ, ಪಣ ಕಟ್ಟುವ ಕೈ ಮಾತ್ರ ನಿಜ.

ಬೀಗದ ಕೈ ಯಾರ ಕೈಗೆ?

ಅಂಗಡಿಗೆ ಹೊಸ ಕೆಲಸದವನು ಬಂದರೆ ಮೊದಲ ದಿನವೇ ಗಲ್ಲಾಪೆಟ್ಟಿಗೆಯ ಕೀಲಿಯನ್ನು ಯಾವ ವ್ಯಾಪಾರಿಯೂ ಕೊಡುವುದಿಲ್ಲ. ಅವನು ಯಾವ ಊರು, ಯಾರ ಮಗ, ಹಿಂದೆ ಎಲ್ಲಿದ್ದ ಎಂದು ಹತ್ತು ಮಾತು ಕೇಳುತ್ತಾನೆ. ಬಾಟ್ ವಿಷಯದಲ್ಲಿ ಮಾತ್ರ ಈ ಎಚ್ಚರ ಮರೆತುಹೋಗುತ್ತದೆ.

ಡಿಸ್ಕಾರ್ಡ್‌ನಲ್ಲಿ ಬಾಟ್ ಸೇರಿಸುವಾಗ ತೆರೆಯುವ ಪುಟದಲ್ಲಿ ಅದು ಕೇಳುವ ಅನುಮತಿಗಳ ಪಟ್ಟಿ ಕಾಣುತ್ತದೆ. ಸಂದೇಶ ನೋಡುವುದು, ಸಂದೇಶ ಕಳುಹಿಸುವುದು ಇವು ಸಹಜ. ಸಂದೇಶ ಅಳಿಸುವುದು, ಸದಸ್ಯರನ್ನು ಹೊರಹಾಕುವುದು, ಕೊನೆಗೆ ‘ಅಡ್ಮಿನಿಸ್ಟ್ರೇಟರ್’ ಎಂಬ ಅನುಮತಿಯನ್ನೂ ಕೆಲವು ಕೇಳುತ್ತವೆ. ಈ ಕೊನೆಯದನ್ನು ಕೊಟ್ಟರೆ ಛತ್ರದ ಎಲ್ಲ ಕೋಣೆಗಳ ಕೀಲಿಯೂ ಕೊಟ್ಟಂತೆ. ಪದಾಧಿಕಾರಿಗಳು ಮಾತ್ರ ಮಾತನಾಡುವ ಗುಪ್ತ ಚಾನೆಲ್ ಕೂಡ ಅದಕ್ಕೆ ತೆರೆದುಕೊಳ್ಳುತ್ತದೆ. ರಸಪ್ರಶ್ನೆ ಕೇಳುವ ಬಾಟ್‌ಗೆ ಸದಸ್ಯರನ್ನು ಹೊರಹಾಕುವ ಅಧಿಕಾರ ಏಕೆ? ಈ ಒಂದು ಪ್ರಶ್ನೆ ಕೇಳಿಕೊಂಡರೆ ಅರ್ಧ ತೊಂದರೆ ಬಾಗಿಲಲ್ಲೇ ನಿಲ್ಲುತ್ತದೆ.

ಡಿಸ್ಕಾರ್ಡ್ ಕಂಪನಿಯೂ ಈ ವಿಷಯದಲ್ಲಿ ಬಿಗಿ ಮಾಡಿದೆ. ಹೆಚ್ಚು ಗುಂಪುಗಳಲ್ಲಿ ಹರಡಿರುವ ಬಾಟ್‌ಗಳು ಸದಸ್ಯರ ಸಂದೇಶಗಳ ಒಳಗಿನ ಮಾತನ್ನು ಓದಬೇಕಾದರೆ ವಿಶೇಷ ಒಪ್ಪಿಗೆ ಪಡೆಯಬೇಕೆಂಬ ನಿಯಮವನ್ನು 2022ರಲ್ಲಿ ಜಾರಿಗೆ ತಂದಿತು. ಓರೆಗೆರೆಯ ಆಜ್ಞೆಗೆ ಉತ್ತರಿಸುವ ಬಾಟ್‌ಗೆ ಉಳಿದ ಸಂದೇಶ ಓದುವ ಅಗತ್ಯವೇ ಇಲ್ಲ. ಟೆಲಿಗ್ರಾಂನಲ್ಲಿ ಬೇರೆ ರೀತಿಯ ವ್ಯವಸ್ಥೆ ಇದೆ. ಅಲ್ಲಿ ಸಾಮಾನ್ಯವಾಗಿ ಗುಂಪಿನ ಬಾಟ್‌ಗೆ ತನಗೆ ಸಂಬಂಧಿಸಿದ ಆಜ್ಞೆಗಳು ಮತ್ತು ಉತ್ತರಗಳು ಮಾತ್ರ ತಲುಪುತ್ತವೆ. ಆದರೆ ಅದನ್ನು ಗುಂಪಿನ ಅಡ್ಮಿನ್ ಮಾಡಿದರೆ ಎಲ್ಲರ ಸಂದೇಶಗಳೂ ತಲುಪುತ್ತವೆ. ಅಡ್ಮಿನ್ ಮಾಡುವ ಮುನ್ನ ಇದು ಗೊತ್ತಿರಬೇಕು.

ಇನ್ನೊಂದು ಮಾತು. ಬಾಟ್ ಇಂದು ಇದ್ದಂತೆ ನಾಳೆ ಇರುವುದಿಲ್ಲ. ಡಿಸ್ಕಾರ್ಡ್‌ನಲ್ಲಿ ಹಾಡು ಕೇಳಿಸುತ್ತಿದ್ದ ಗ್ರೂವಿ ಮತ್ತು ರಿದಮ್ ಎಂಬ ಎರಡು ಬಾಟ್‌ಗಳು ಕೋಟಿಗೂ ಮೀರಿದ ಸರ್ವರ್‌ಗಳಲ್ಲಿದ್ದವು. ಯೂಟ್ಯೂಬ್ ಕಡೆಯಿಂದ ಕಾನೂನು ಎಚ್ಚರಿಕೆ ಬಂದ ಮೇಲೆ 2021ರ ಆಗಸ್ಟ್ ಮತ್ತು ಸೆಪ್ಟೆಂಬರ್‌ನಲ್ಲಿ ಎರಡೂ ನಿಂತವು. ಅವುಗಳನ್ನೇ ನೆಚ್ಚಿ ಗುಂಪು ಕಟ್ಟಿದವರ ಧ್ವನಿ ಕೋಣೆಗಳು ಬಿಕೋ ಎಂದವು. ಮನುಷ್ಯರ ಸ್ನೇಹದಿಂದ ನಡೆಯುವ ಗುಂಪಿಗೆ ಈ ಭಯವಿಲ್ಲ.

ನಾಣ್ಯದ ಆಟ ಮತ್ತು ಕಾನೂನು

ಹಣದ ಆನ್‌ಲೈನ್ ಆಟಗಳ ಬಗ್ಗೆ ಕರ್ನಾಟಕ ಹಿಂದೆಯೇ ಒಂದು ಪ್ರಯತ್ನ ಮಾಡಿತ್ತು. ಕರ್ನಾಟಕ ಪೊಲೀಸ್ ಕಾಯ್ದೆಗೆ 2021ರಲ್ಲಿ ತಂದ ತಿದ್ದುಪಡಿ ಅಕ್ಟೋಬರ್‌ನಲ್ಲಿ ಜಾರಿಗೆ ಬಂತು. ಅದರ ಮುಖ್ಯ ಭಾಗಗಳನ್ನು ಹೈಕೋರ್ಟ್ 2022ರ ಫೆಬ್ರವರಿ 14ರಂದು ರದ್ದುಪಡಿಸಿತು. ಕೌಶಲದ ಆಟ ಮತ್ತು ಅದೃಷ್ಟದ ಆಟ ಎಂಬ ಹಳೆಯ ಭೇದ ಆಗ ದೊಡ್ಡ ಚರ್ಚೆಯಾಗಿತ್ತು.

2025ರ ಆಗಸ್ಟ್‌ನಲ್ಲಿ ಸಂಸತ್ತು ಅಂಗೀಕರಿಸಿದ ಆನ್‌ಲೈನ್ ಗೇಮಿಂಗ್ ಉತ್ತೇಜನ ಮತ್ತು ನಿಯಂತ್ರಣ ಕಾಯ್ದೆ ಈ ಭೇದವನ್ನೇ ಬದಿಗಿಟ್ಟಿತು. ಆಗಸ್ಟ್ 22ರಂದು ಅದಕ್ಕೆ ರಾಷ್ಟ್ರಪತಿಗಳ ಅಂಕಿತ ದೊರೆಯಿತು. ಅದು ಆಟಗಳನ್ನು ಮೂರಾಗಿ ವಿಂಗಡಿಸುತ್ತದೆ: ಇ-ಕ್ರೀಡೆ, ಸಾಮಾಜಿಕ ಆಟ, ಹಣದ ಆಟ. ಮೊದಲೆರಡಕ್ಕೆ ಅವಕಾಶವಿದೆ, ಮೂರನೆಯದಕ್ಕೆ ನಿಷೇಧ. ಹಣದ ಆಟ ಒದಗಿಸುವವರಿಗೆ 3 ವರ್ಷದವರೆಗೆ ಸೆರೆವಾಸ, 1 ಕೋಟಿ ರೂಪಾಯಿವರೆಗೆ ದಂಡ ಅಥವಾ ಎರಡೂ. ಜಾಹೀರಾತು ಮಾಡುವವರಿಗೆ 2 ವರ್ಷ ಮತ್ತು 50 ಲಕ್ಷದವರೆಗೆ. ಆಡಿದವರಿಗೆ ಶಿಕ್ಷೆಯಿಲ್ಲ, ಅವರನ್ನು ಬಲಿಪಶುಗಳೆಂದು ಕಾಣಲಾಗಿದೆ. ಕಾಯ್ದೆಯನ್ನು ಪ್ರಶ್ನಿಸಿ ಕರ್ನಾಟಕ ಹೈಕೋರ್ಟ್ ಸೇರಿದಂತೆ ಹಲವೆಡೆ ಅರ್ಜಿಗಳು ಸಲ್ಲಿಕೆಯಾದವು. ಸುಪ್ರೀಂ ಕೋರ್ಟ್ ಅವುಗಳನ್ನು ತನ್ನ ಬಳಿಗೆ ವರ್ಗಾಯಿಸಿಕೊಂಡಿತು.

ಗುಂಪಿನ ಬಾಟ್‌ಗೆ ಇದು ಹೇಗೆ ಸಂಬಂಧಿಸುತ್ತದೆ? ಕಾಯ್ದೆಯಲ್ಲಿ ಹಣದ ಜೊತೆಗೆ ‘ಇತರ ಪಣ’ ಎಂಬ ಮಾತೂ ಇದೆ. ಹಣ ಕೊಟ್ಟು ಪಡೆದ, ಹಣಕ್ಕೆ ಸಮನಾದ ನಾಣ್ಯ, ಟೋಕನ್, ಕ್ರೆಡಿಟ್‌ಗಳನ್ನೂ, ಅವು ಕಣ್ಣಿಗೆ ಕಾಣದ ಡಿಜಿಟಲ್ ರೂಪದಲ್ಲಿದ್ದರೂ, ಅದು ಲೆಕ್ಕಕ್ಕೆ ತೆಗೆದುಕೊಳ್ಳುತ್ತದೆ. ಬಾಟ್ ಪುಕ್ಕಟೆ ಕೊಟ್ಟ ನಾಣ್ಯ, ಹಣವಾಗಿ ಎಂದೂ ಮರಳದ ನಾಣ್ಯ ಇದ್ದಷ್ಟು ದಿನ ಅದು ಆಟವೇ. ಆದರೆ ಸದಸ್ಯರು ತಮ್ಮೊಳಗೆ ಬಾಟ್‌ನ ನಾಣ್ಯವನ್ನು ರೂಪಾಯಿಗೆ ಮಾರಿಕೊಂಡರೆ, ತಲಾ 50 ರೂಪಾಯಿ ಸೇರಿಸಿ ಗೆದ್ದವನಿಗೆ ಕೊಡೋಣ ಎಂದರೆ, ಯುಪಿಐ ಮೂಲಕ ಪಣದ ಲೆಕ್ಕ ತೀರಿಸಿಕೊಂಡರೆ ಆಟದ ಬಣ್ಣ ಬದಲಾಯಿತು. ಆಗ ಹೊಣೆ ಯಾರ ಮೇಲೆ ಬರುತ್ತದೆ? ಪರದೇಶದಲ್ಲಿರುವ ಬಾಟ್ ಮಾಡಿದವನ ಮೇಲಲ್ಲ, ಗುಂಪು ನಡೆಸುವ ಇಲ್ಲಿನ ಹುಡುಗನತ್ತಲೇ ಮೊದಲು ಬೆರಳು ತೋರುತ್ತದೆ.

‘ಆಡುತ್ತಾ ಗಳಿಸಿ’ ಎನ್ನುವ ಟೆಲಿಗ್ರಾಂ ಬಾಟ್‌ಗಳ ಕಥೆಯೂ ಪಾಠವಾಗಬೇಕು. 2024ರಲ್ಲಿ ಹ್ಯಾಮ್‌ಸ್ಟರ್ ಕಾಂಬ್ಯಾಟ್ ಎಂಬ ಆಟದಲ್ಲಿ ಪರದೆಯನ್ನು ತಟ್ಟುತ್ತಾ ನಾಣ್ಯ ಕೂಡಿಡಲು ಜಗತ್ತಿನಾದ್ಯಂತ ಕೋಟ್ಯಂತರ ಜನ ಮುಗಿಬಿದ್ದರು. ತಿಂಗಳುಗಟ್ಟಲೆ ತಟ್ಟಿದ ಮೇಲೆ ಆ ಸೆಪ್ಟೆಂಬರ್‌ನಲ್ಲಿ ಅದರ ಕ್ರಿಪ್ಟೊ ಟೋಕನ್ ಹಂಚಿಕೆಯಾದಾಗ ಬಹುಪಾಲು ಜನರಿಗೆ ಸಿಕ್ಕದ್ದು ನಿರಾಶೆ. ಬಂಡವಾಳ ಹಾಕಲಿಲ್ಲ, ಆದ್ದರಿಂದ ನಷ್ಟವಿಲ್ಲ ಎಂದು ಹೇಳಿಕೊಳ್ಳಬಹುದು. ವ್ಯಾಪಾರದಲ್ಲಿ ಕೈ ಸುಟ್ಟುಕೊಂಡ ಯಾರನ್ನು ಕೇಳಿದರೂ ಹೇಳುತ್ತಾರೆ, ಹೋದ ಸಮಯವೂ ಬಂಡವಾಳವೇ.

ಸಂಕಲ್ಪದ ಪ್ರಶ್ನೆ

ಕಾನೂನಿನ ಗೆರೆಯ ಈಚೆಗೆ ನಿಂತ ಮಾತ್ರಕ್ಕೆ ಎಲ್ಲವೂ ಸರಿಯಾಯಿತೆಂದಲ್ಲ. ಶ್ರಾವಕನು ಬಿಡಬೇಕಾದ ಸಪ್ತ ವ್ಯಸನಗಳ ಪಟ್ಟಿಯಲ್ಲಿ ಮೊದಲು ಬರುವುದೇ ದ್ಯೂತ. ಬೇಟೆಯೂ ಅದೇ ಪಟ್ಟಿಯಲ್ಲಿದೆ. ನಾಣ್ಯದ ಬಾಟ್‌ಗಳ ಆಜ್ಞೆಗಳ ಪಟ್ಟಿಯಲ್ಲಿ ಇವೆರಡೂ ಒಟ್ಟಿಗೆ ಕಾಣಿಸಿಕೊಳ್ಳುವುದನ್ನು ನೋಡಿದರೆ ಮನೆಯ ಅಜ್ಜಿಯರು ಏನೆಂದಾರು?

‘ಅದು ಬರೀ ಆಟ, ಯಾವ ಪ್ರಾಣಿಯೂ ಸಾಯುವುದಿಲ್ಲ’ ಎಂಬುದು ಮಕ್ಕಳ ಉತ್ತರ. ಆ ಉತ್ತರವನ್ನು ತಳ್ಳಿಹಾಕಬೇಕಿಲ್ಲ, ಅದರಲ್ಲಿ ಸತ್ಯಾಂಶವಿದೆ. ಆದರೆ ಕನ್ನಡ ಜೈನ ಸಾಹಿತ್ಯ ಈ ಪ್ರಶ್ನೆಯನ್ನು ಎಂಟು ನೂರು ವರ್ಷಗಳ ಹಿಂದೆಯೇ ಎತ್ತಿದೆ. ಜನ್ನ ಕವಿ 1209ರಲ್ಲಿ ರಚಿಸಿದ ಯಶೋಧರ ಚರಿತೆಯಲ್ಲಿ ರಾಜ ಯಶೋಧರ ನಿಜವಾದ ಕೋಳಿಯನ್ನು ಬಲಿ ಕೊಡಲಿಲ್ಲ. ತಾಯಿ ಚಂದ್ರಮತಿಯ ಒತ್ತಾಯಕ್ಕೆ ಮಣಿದು ಹಿಟ್ಟಿನ ಕೋಳಿಯನ್ನು ಬಲಿ ಕೊಟ್ಟ. ಹಿಟ್ಟಿಗೆ ಜೀವವಿಲ್ಲ, ಕೊಲ್ಲುವ ಸಂಕಲ್ಪಕ್ಕೆ ಜೀವವಿತ್ತು. ಆ ಸಂಕಲ್ಪ ಹಿಂಸೆಗಾಗಿ ತಾಯಿ ಮಗ ಇಬ್ಬರೂ ಪ್ರಾಣಿ ಜನ್ಮಗಳಲ್ಲಿ ತೊಳಲಿದರು. ಪಾಠಶಾಲೆಗೆ ಹೋದ ಮಕ್ಕಳಿಗೆಲ್ಲ ಈ ಕಥೆ ಗೊತ್ತು.

ಮೊಬೈಲಿನಲ್ಲಿ ಒಂದು ಆಜ್ಞೆ ಒತ್ತಿದ ಬಾಲಕನನ್ನು ಯಶೋಧರನಿಗೆ ಹೋಲಿಸಿ ಹೆದರಿಸುವುದು ಸರಿಯಲ್ಲ, ಅದರಿಂದ ಪ್ರಯೋಜನವೂ ಇಲ್ಲ. ಕಥೆ ಕೇಳುವ ಪ್ರಶ್ನೆ ಬೇರೆ. ದಿನಕ್ಕೆ ನೂರು ಬಾರಿ ಮಾಡಿದ ಕ್ರಿಯೆ, ಅದು ಸುಳ್ಳಾದರೂ, ಮನಸ್ಸಿನಲ್ಲಿ ಯಾವ ಸಂಸ್ಕಾರವನ್ನು ಬಿತ್ತುತ್ತದೆ? ಪಣ ಕಟ್ಟಿ ಸೋತಾಗ ‘ಇನ್ನೊಂದು ಸಲ’ ಎನ್ನುವ ಚಡಪಡಿಕೆ ಸುಳ್ಳು ನಾಣ್ಯಕ್ಕೂ ನಿಜ ನಾಣ್ಯಕ್ಕೂ ಒಂದೇ. ಗಿಡವಾಗಿ ಬಗ್ಗದ್ದು ಮರವಾಗಿ ಬಗ್ಗೀತೇ ಎಂಬ ಗಾದೆ ಒಳ್ಳೆಯ ಅಭ್ಯಾಸಕ್ಕೆ ಎಷ್ಟು ನಿಜವೋ ಕೆಟ್ಟ ಅಭ್ಯಾಸಕ್ಕೂ ಅಷ್ಟೇ ನಿಜ. ಶ್ರಾವಕರ ಗುಣವ್ರತಗಳಲ್ಲಿ ಹೇಳಿದ ಅನರ್ಥದಂಡ ತ್ಯಾಗ, ಅಂದರೆ ಪ್ರಯೋಜನವಿಲ್ಲದ ಪಾಪಕಾರ್ಯಗಳಿಂದ ದೂರವಿರುವುದು, ಈ ಸಂದರ್ಭಕ್ಕೆಂದೇ ಹೇಳಿದಂತಿದೆ.

ಮಕ್ಕಳ ವಿಷಯ

ಡಿಸ್ಕಾರ್ಡ್‌ನ ನಿಯಮದಂತೆ ಖಾತೆ ತೆರೆಯಲು ಕನಿಷ್ಠ 13 ವರ್ಷವಾಗಿರಬೇಕು. ಭಾರತದ 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆಯ ದೃಷ್ಟಿಯಲ್ಲಿ 18 ತುಂಬದವರೆಲ್ಲ ಮಕ್ಕಳು. ಅವರ ಮಾಹಿತಿ ಬಳಸಲು ಪೋಷಕರ ಪರಿಶೀಲಿಸಬಹುದಾದ ಒಪ್ಪಿಗೆ ಬೇಕು, ಅವರ ನಡವಳಿಕೆಯನ್ನು ಹಿಂಬಾಲಿಸಿ ನೋಡುವಂತಿಲ್ಲ, ಅವರಿಗೆ ಗುರಿಯಿಟ್ಟು ಜಾಹೀರಾತು ತೋರುವಂತಿಲ್ಲ. ಈ ಕಾಯ್ದೆಯ ನಿಯಮಗಳು 2025ರ ನವೆಂಬರ್‌ನಲ್ಲಿ ಪ್ರಕಟವಾದವು. ಮುಖ್ಯ ಹೊಣೆಗಳು ಹಂತ ಹಂತವಾಗಿ ಜಾರಿಗೆ ಬರಲಿವೆ. ಸಮಾಜದ ಗುಂಪಿನಲ್ಲಿ ಎಂಟನೇ ತರಗತಿಯ ಮಗುವೂ ಇರುತ್ತದೆ, ಎಂಜಿನಿಯರಿಂಗ್ ಓದುವವರೂ ಇರುತ್ತಾರೆ. ದೊಡ್ಡವರಿಗೆಂದು ತಂದ ಬಾಟ್ ಚಿಕ್ಕವರಿಗೂ ಸಿಗುತ್ತದೆ.

ಕಾನೂನು ಕಾಯುತ್ತದೆ ಎಂದು ಸುಮ್ಮನಿರುವಂತಿಲ್ಲ. 2025ರ ಅಕ್ಟೋಬರ್‌ನಲ್ಲಿ ಡಿಸ್ಕಾರ್ಡ್ ತಾನೇ ತಿಳಿಸಿದಂತೆ, ಗ್ರಾಹಕ ಸೇವೆಗೆ ಅದು ಬಳಸುತ್ತಿದ್ದ ಹೊರಗಿನ ಸಂಸ್ಥೆಯೊಂದರ ಮೂಲಕ ಸುಮಾರು 70,000 ಬಳಕೆದಾರರ ಸರ್ಕಾರಿ ಗುರುತಿನ ಚೀಟಿಗಳ ಚಿತ್ರಗಳು ಕಳ್ಳರ ಕೈಗೆ ಸಿಕ್ಕಿರುವ ಸಾಧ್ಯತೆ ಇತ್ತು. ಇಷ್ಟು ದೊಡ್ಡ ಕಂಪನಿಗೇ ಹೊರಗಿನವರಿಂದ ಹೀಗಾಗಬಹುದಾದರೆ, ಹೆಸರು ವಿಳಾಸ ತಿಳಿಯದ ಒಬ್ಬ ವ್ಯಕ್ತಿ ಬರೆದ ಬಾಟ್‌ಗೆ ಮಕ್ಕಳ ಹೆಸರು, ಊರು, ಹುಟ್ಟಿದ ದಿನ ಕೊಡುವಾಗ ಎಷ್ಟು ಎಚ್ಚರ ಬೇಕು!

ಇನ್ನು ಸಮಯದ ಮಾತು. ಇಷ್ಟು ನಿಮಿಷ ಕಾದರೆ ಮತ್ತೆ ಆಡಬಹುದು, ದಿನವೂ ಬಂದರೆ ಹೆಚ್ಚುವರಿ ನಾಣ್ಯ, ಒಂದು ದಿನ ತಪ್ಪಿದರೆ ಸಾಲು ಮುರಿಯಿತು ಎಂಬ ಲೆಕ್ಕಾಚಾರಗಳು ಆಟಗಾರ ಮರಳಿ ಬರಲೆಂದೇ ಹೆಣೆದವು. ಬಹುತೇಕ ಮಕ್ಕಳು ಸ್ವಲ್ಪ ದಿನ ಆಡಿ ಬೇಸರವಾಗಿ ಬಿಡುತ್ತಾರೆ. ಕೆಲವರಿಗೆ ಬಿಡಲಾಗುವುದಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯು ತನ್ನ ರೋಗಗಳ ಪಟ್ಟಿಯ 11ನೇ ಆವೃತ್ತಿಯಲ್ಲಿ ಆಟದ ಗೀಳನ್ನು ಒಂದು ಅಸ್ವಸ್ಥತೆಯೆಂದು ಗುರುತಿಸಿದೆ. ಆ ಪಟ್ಟಿ 2022ರ ಜನವರಿ 1ರಿಂದ ಜಾರಿಯಲ್ಲಿದೆ. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ತಂತ್ರಜ್ಞಾನದ ಅತಿಬಳಕೆಗೆಂದೇ 2014ರಿಂದ ‘ಶಟ್ ಕ್ಲಿನಿಕ್’ ಎಂಬ ವಿಭಾಗವಿದೆ. ಮಗು ಊಟ, ನಿದ್ರೆ, ಓದು ಬಿಟ್ಟು ಪರದೆಗೆ ಅಂಟಿಕೊಂಡಿದ್ದರೆ ಬೈದು ಮೊಬೈಲ್ ಕಸಿದುಕೊಳ್ಳುವ ಬದಲು ಟೆಲಿ-ಮಾನಸ್ ಸಹಾಯವಾಣಿ 14416ಕ್ಕೆ ಕರೆ ಮಾಡಿ ಸಲಹೆ ಪಡೆಯಬಹುದು. ಆನ್‌ಲೈನ್‌ನಲ್ಲಿ ಹಣ ಕಳೆದುಕೊಂಡಿದ್ದರೆ ತಡಮಾಡದೆ 1930ಕ್ಕೆ ದೂರು ನೀಡಬೇಕು. ಮನೆಯ ಮರ್ಯಾದೆ ಹೋದೀತೆಂದು ಮುಚ್ಚಿಟ್ಟರೆ ಹೋದ ಹಣದ ಜೊತೆಗೆ ಮಗುವಿನ ಧೈರ್ಯವೂ ಹೋಗುತ್ತದೆ.

ಹಾಗಾದರೆ ಆಟವೇ ಬೇಡವೇ?

ಬೇಡ ಎನ್ನುವುದು ಸುಲಭ. ಆದರೆ ಆಟವನ್ನು ಜೈನ ಪರಂಪರೆ ಎಂದೂ ಶತ್ರುವೆಂದು ಕಂಡಿಲ್ಲ. ಇಂದು ಹಾವು-ಏಣಿ ಎಂದು ಮಕ್ಕಳು ಆಡುವ ಆಟದ ಹಳೆಯ ರೂಪಗಳಲ್ಲಿ ಜ್ಞಾನ ಚೌಪಡ ಒಂದು. ಬಟ್ಟೆ ಮತ್ತು ಕಾಗದದ ಮೇಲೆ ಬರೆದ ಅದರ ಜೈನ ಪಟಗಳಲ್ಲಿ ಸಾಮಾನ್ಯವಾಗಿ 84 ಮನೆಗಳಿರುತ್ತವೆ. ಸದ್ಗುಣ ಏಣಿಯಾಗಿ ಮೇಲೇರಿಸುತ್ತದೆ, ದುರ್ಗುಣ ಹಾವಾಗಿ ಕೆಳಗಿಳಿಸುತ್ತದೆ, ತುದಿಯಲ್ಲಿ ಸಿದ್ಧಶಿಲೆ. ದಾಳ ಅಲ್ಲಿಯೂ ಇತ್ತು, ಪಣ ಮಾತ್ರ ಇರಲಿಲ್ಲ. ಆಡುತ್ತಾ ಆಡುತ್ತಾ ಮಗು ಕರ್ಮದ ಲೆಕ್ಕ ಕಲಿಯುತ್ತಿತ್ತು.

ಅದೇ ದಾರಿಯಲ್ಲಿ ಇಂದಿನ ಬಾಟ್‌ನ್ನೂ ಬಳಸಬಹುದು. ಟೆಲಿಗ್ರಾಂನಲ್ಲಿ ಕಂಪನಿಯದೇ ಆದ ಕ್ವಿಜ್ ಬಾಟ್ ಇದೆ. ಪ್ರಶ್ನೆಗಳನ್ನು, ಉತ್ತರಗಳನ್ನು ಗುಂಪಿನವರೇ ಬರೆದು ಹಾಕಬಹುದು. ಕಾರ್ಕಳದ ಬಾಹುಬಲಿ ಪ್ರತಿಷ್ಠೆ ಯಾವ ಇಸವಿ? 1432. ವೇಣೂರಿನದು? 1604. ಇಪ್ಪತ್ತನಾಲ್ಕು ತೀರ್ಥಂಕರರ ಲಾಂಛನಗಳು, ಪಂಪ ರನ್ನ ಜನ್ನರ ಕೃತಿಗಳು, ಸ್ಥಳೀಯ ಬಸದಿಯ ಶಾಸನ ಎಲ್ಲವೂ ಪ್ರಶ್ನೆಯಾಗಬಲ್ಲವು. ಪ್ರಶ್ನೆ ಬರೆಯುವ ಕೆಲಸವನ್ನು ಹುಡುಗರಿಗೇ ಕೊಟ್ಟರೆ ಅವರು ಅಜ್ಜನನ್ನು, ಪಂಡಿತರನ್ನು, ಪುಸ್ತಕವನ್ನು ಕೇಳಲೇಬೇಕಾಗುತ್ತದೆ. ಆಗ ಬಾಟ್ ನೆಪವಾಗಿ ಮನುಷ್ಯರು ಮಾತನಾಡಿಕೊಳ್ಳುತ್ತಾರೆ. ಒಂದು ಎಚ್ಚರಿಕೆ ಅಗತ್ಯ: ಉತ್ತರವನ್ನು ತಿಳಿದವರಿಂದ ಪರಿಶೀಲಿಸದೆ ಹಾಕಬಾರದು. ತಪ್ಪು ಉತ್ತರ ಒಮ್ಮೆ ಹರಡಿದರೆ ಹಿಂದಕ್ಕೆ ಕರೆಯುವುದು ಕಷ್ಟ.

ಗುಂಪು ನಡೆಸುವವರಿಗೆ ಕೆಲವು ಸೂಚನೆಗಳು

1. ಬಾಟ್ ಸೇರಿಸುವ ನಿರ್ಧಾರ ಒಬ್ಬರದಾಗಬಾರದು. ಕನಿಷ್ಠ ಇಬ್ಬರು ಹೊಣೆಗಾರರು, ಅವರಲ್ಲಿ ಒಬ್ಬರು ಹಿರಿಯರು, ಒಪ್ಪಿದ ಮೇಲೆ ಸೇರಿಸಲಿ.

2. ಅದನ್ನು ಮಾಡಿದವರು ಯಾರು, ಯಾವ ಮಾಹಿತಿ ಸಂಗ್ರಹಿಸುತ್ತದೆ ಎಂಬುದನ್ನು ಅದರ ಅಧಿಕೃತ ಪುಟದಲ್ಲಿ ಓದಬೇಕು. ಯಾರೋ ಕಳುಹಿಸಿದ ಕೊಂಡಿಯಿಂದ ಸೇರಿಸಬಾರದು.

3. ಅಡ್ಮಿನಿಸ್ಟ್ರೇಟರ್ ಅನುಮತಿ ಬೇಡ. ಆಟಕ್ಕೆ ಬೇಕಾದಷ್ಟು ಮಾತ್ರ ಕೊಟ್ಟು ಉಳಿದ ಗುರುತುಗಳನ್ನು ತೆಗೆದುಹಾಕಬೇಕು.

4. ಆಟಕ್ಕೆ ಪ್ರತ್ಯೇಕ ಚಾನೆಲ್ ಇರಲಿ. ಪ್ರಕಟಣೆ ಮತ್ತು ಚರ್ಚೆಯ ಚಾನೆಲ್‌ಗಳಲ್ಲಿ ಬಾಟ್‌ಗೆ ಪ್ರವೇಶ ಬೇಡ. ಸಾವಿನ ಸುದ್ದಿಯ ಕೆಳಗೆ ‘ನೀವು 500 ನಾಣ್ಯ ಗೆದ್ದಿರಿ’ ಎಂಬ ಸಂದೇಶ ಬಂದರೆ ಯಾರಿಗೂ ಶೋಭೆಯಲ್ಲ.

5. ಪಣ, ಬೇಟೆ, ಕಳವಿನ ಆಜ್ಞೆಗಳಿರುವ ಬಾಟ್ ಸಮಾಜದ ಗುಂಪಿಗೆ ಬೇಡ. ಡಿಸ್ಕಾರ್ಡ್‌ನ ಸರ್ವರ್ ಸೆಟ್ಟಿಂಗ್‌ನಲ್ಲಿ ಆಯ್ದ ಆಜ್ಞೆಗಳನ್ನು ನಿಲ್ಲಿಸುವ ಅವಕಾಶವಿದೆ, ಅದನ್ನು ಬಳಸಿಕೊಳ್ಳಬಹುದು.

6. ನಿಜ ಹಣ ಯಾವ ರೂಪದಲ್ಲೂ ಬರಬಾರದು. ಬಹುಮಾನ ಕೊಡಲೇಬೇಕೆಂದರೆ ಪುಸ್ತಕ ಕೊಡಲಿ. ಅದಕ್ಕಾಗಿ ಆಡುವವರಿಂದ ಶುಲ್ಕ ಬೇಡ.

7. ಪರ್ಯುಷಣ ಮತ್ತು ದಶಲಕ್ಷಣ ಪರ್ವದ ದಿನಗಳಲ್ಲಿ, ಪರೀಕ್ಷೆಯ ಸಮಯದಲ್ಲಿ, ರಾತ್ರಿ ಹೊತ್ತಿನಲ್ಲಿ ಆಟದ ಚಾನೆಲ್ ಮುಚ್ಚಿರಲಿ.

8. ಮೂರು ತಿಂಗಳಿಗೊಮ್ಮೆ ಪಟ್ಟಿ ನೋಡಿ ಬಳಸದ ಬಾಟ್‌ಗಳನ್ನು ತೆಗೆಯಬೇಕು. ತೆಗೆದ ಮಾತ್ರಕ್ಕೆ ಅದು ಈವರೆಗೆ ಕೂಡಿಟ್ಟ ಮಾಹಿತಿ ಅಳಿಸಿಹೋಗುವುದಿಲ್ಲ, ಆದ್ದರಿಂದ ಅಳಿಸುವಂತೆ ಬಾಟ್ ನಡೆಸುವವರಿಗೆ ಬರೆದು ಕೇಳಬೇಕು.

ಮನೆಯಲ್ಲಿ ತಂದೆ ತಾಯಿಯರು ಮಾಡಬೇಕಾದದ್ದು ಒಂದೇ. ಮಗ ಅಥವಾ ಮಗಳ ಪಕ್ಕದಲ್ಲಿ ಕುಳಿತು, ‘ಇದು ಹೇಗೆ ಆಡೋದು, ನನಗೂ ತೋರಿಸಪ್ಪ’ ಎಂದು ಕೇಳಬೇಕು. ಅನುಮಾನದಿಂದ ಕೇಳಿದರೆ ಪರದೆ ಮುಚ್ಚುತ್ತದೆ, ಕುತೂಹಲದಿಂದ ಕೇಳಿದರೆ ತೆರೆಯುತ್ತದೆ. ಹತ್ತು ನಿಮಿಷ ನೋಡಿದರೆ ಅದು ರಸಪ್ರಶ್ನೆಯೋ ಜೂಜುಕಟ್ಟೆಯೋ ಯಾವ ತಾಂತ್ರಿಕ ಜ್ಞಾನವಿಲ್ಲದೆಯೂ ಗೊತ್ತಾಗುತ್ತದೆ.

ಮೌನವಾದ ಗುಂಪಿನಲ್ಲಿ ನಿಜವಾಗಿ ಕೊರತೆಯಾಗಿರುವುದು ಆಟವಲ್ಲ. ಊರು ಬಿಟ್ಟು ದೂರದಲ್ಲಿ ಓದುವ, ದುಡಿಯುವ ಮಕ್ಕಳಿಗೆ ತಮ್ಮವರೊಡನೆ ಆಡಲು ಮಾತು ಸಿಗುತ್ತಿಲ್ಲ. ಮಾತಿಗೆ ನೆಪ ಒದಗಿಸುವ ಆಟ ಬರಲಿ. ಮಾತಿನ ಜಾಗವನ್ನೇ ಆಕ್ರಮಿಸಿ, ಕಾಣದ ಕೈಗೆ ಕೀಲಿ ಕೊಟ್ಟು, ಎಳೆಯ ಕೈಗಳಿಗೆ ಪಣ ಕಟ್ಟುವುದನ್ನು ಕಲಿಸುವ ಆಟ ಬಾರದಿರಲಿ. ಬಾಗಿಲು ತೆರೆಯುವ ಮುನ್ನ ಬಂದವರು ಯಾರೆಂದು ಕೇಳುವುದು ಸಂದೇಹದ ಸ್ವಭಾವವಲ್ಲ, ಮನೆ ನಡೆಸುವವರ ಸಹಜ ವಿವೇಕ.

ಜೈ ಜಿನೇಂದ್ರ.